ಮರಳಿ ಬರುವ ದಾರಿ

ಎಲ್ಲರಿಗೂ ನಮಸ್ಕಾರ. ಇವತ್ತಿನ ಮಾತನ್ನು ಒಂದು ಜೇಡದಿಂದ ಶುರು ಮಾಡುತ್ತೇನೆ.

1883ರ ಆಗಸ್ಟ್ 27ರಂದು ಜಾವಾ ಮತ್ತು ಸುಮಾತ್ರಾ ನಡುವಿನ ಸುಂದಾ ಜಲಸಂಧಿಯಲ್ಲಿ ಕ್ರಕಟೋವಾ ಜ್ವಾಲಾಮುಖಿ ಸಿಡಿಯಿತು. ದ್ವೀಪದ ಬಹುಪಾಲು ಕಡಲಿಗೆ ಕುಸಿಯಿತು. ಉಳಿದ ನೆಲದ ಮೇಲೆ ಹತ್ತಾರು ಮೀಟರ್ ದಪ್ಪಕ್ಕೆ ಸುಡುವ ಬೂದಿ ಕವಿಯಿತು. ಒಂಬತ್ತು ತಿಂಗಳ ಬಳಿಕ, 1884ರ ಮೇ ತಿಂಗಳಲ್ಲಿ, ಒಂದು ಫ್ರೆಂಚ್ ತಂಡ ಅಲ್ಲಿಗೆ ಹೋಯಿತು. ಅದರಲ್ಲಿದ್ದ ಎಡ್ಮಂಡ್ ಕಾಟೊ ಎಂಬಾತ ಜೀವದ ಸುಳಿವಿಗಾಗಿ ಹುಡುಕಾಡಿದ. ಗಿಡವಿಲ್ಲ, ಹುಲ್ಲಿಲ್ಲ, ಹುಳವಿಲ್ಲ. ಕಂಡದ್ದು ಒಂದೇ ಒಂದು ಪುಟ್ಟ ಜೇಡ. ಅದು ಬಲೆ ನೇಯುತ್ತಿತ್ತು.

ಒಂದು ನೊಣವೂ ಇಲ್ಲದ ದ್ವೀಪದಲ್ಲಿ ಬಲೆ ಕಟ್ಟಿ ಕೂತ ಈ ಜೇಡವನ್ನು ನೆನೆದಾಗಲೆಲ್ಲ ನನಗೆ ನಗುವೂ ಬರುತ್ತದೆ, ಒಂದು ಬಗೆಯ ಗೌರವವೂ ಹುಟ್ಟುತ್ತದೆ. ಅದು ಬಂದದ್ದು ಗಾಳಿಯಲ್ಲಿ. ಮರಿ ಜೇಡಗಳು ಎತ್ತರದ ಜಾಗಕ್ಕೆ ಹತ್ತಿ, ಹಿಂಭಾಗ ಮೇಲೆತ್ತಿ, ಒಂದೆಳೆ ನೂಲನ್ನು ಗಾಳಿಗೆ ಬಿಡುತ್ತವೆ. ಗಾಳಿ ಆ ಎಳೆಯನ್ನು ಜೇಡದ ಸಮೇತ ಹೊತ್ತೊಯ್ಯುತ್ತದೆ. ಜೇಡದ ಹಿಂದೆಯೇ ಜರೀಗಿಡದ ಬೀಜಕಣಗಳು ಬಂದವು. ತೇಲುವ ಬೀಜಗಳು ಬಂದವು. ಹಕ್ಕಿ, ಬಾವಲಿಗಳ ಹೊಟ್ಟೆಯಲ್ಲಿ ಅತ್ತಿಯ ಬೀಜಗಳು ಬಂದವು. ಐವತ್ತು ವರ್ಷ ತುಂಬುವುದರೊಳಗೆ ಅಲ್ಲಿ ಮತ್ತೆ ಕಾಡು ನಿಂತಿತ್ತು.

ಈ ಕಥೆಯನ್ನು ಪ್ರಕೃತಿಯ ಪವಾಡ ಎಂದು ಹೇಳಿ ಮುಗಿಸುವ ರೂಢಿಯಿದೆ. ಪವಾಡವೇನೂ ಅಲ್ಲ. ಸುಮಾರು ನಲವತ್ತು ಕಿಲೋಮೀಟರ್ ಆಚೆ, ಎರಡೂ ದಿಕ್ಕಿನಲ್ಲಿ, ಜಾವಾ ಮತ್ತು ಸುಮಾತ್ರಾದ ಕಾಡುಗಳಿದ್ದವು. ಬರುವವರು ಬರುವುದಕ್ಕೆ ಹೊರಡುವ ಮನೆ ಒಂದಿತ್ತು. ಆ ಮನೆ ಇಲ್ಲದಿದ್ದರೆ? ಅಥವಾ ಮನೆ ಇದ್ದೂ ದಾರಿ ಮುಚ್ಚಿದ್ದರೆ? ನನ್ನ ಇವತ್ತಿನ ಮಾತೆಲ್ಲ ಈ ಎರಡು ಪ್ರಶ್ನೆಗಳ ಸುತ್ತಲೇ ಸುತ್ತುತ್ತದೆ.

ಇನ್ನೊಂದು ದ್ವೀಪಕ್ಕೆ ಹೋಗೋಣ. ಉತ್ತರ ಅಮೆರಿಕದ ಪೂರ್ವ ಕರಾವಳಿಯಲ್ಲಿ ಹೀತ್ ಹೆನ್ ಎಂಬ ಹಕ್ಕಿಯಿತ್ತು. ಕೋಳಿಯಷ್ಟು ಗಾತ್ರ, ಮೈತುಂಬ ಕಂದು ಪಟ್ಟೆ, ನೆಲದ ಮೇಲೆ ಗೂಡು. ವಸಂತದ ಮುಂಜಾವದಲ್ಲಿ ಗಂಡುಗಳೆಲ್ಲ ಬಯಲಿಗೆ ಬಂದು, ಕತ್ತಿನ ಚೀಲ ಉಬ್ಬಿಸಿ ಹೂಂಕರಿಸಿ, ಹೆಣ್ಣುಗಳ ಎದುರು ಕುಣಿಯುತ್ತಿದ್ದವು. ಯುರೋಪಿಯನ್ನರು ಬಂದ ಹೊಸದರಲ್ಲಿ ಈ ಹಕ್ಕಿ ಲೆಕ್ಕವಿಲ್ಲದಷ್ಟಿತ್ತು. ಬೇಟೆಯಿಂದ, ಬಯಲುಗಳನ್ನು ಹೊಲ ಮಾಡಿದ್ದರಿಂದ ಅದು ಒಂದೊಂದೇ ಕಡೆ ಅಳಿಯುತ್ತ ಬಂದು, 1870ರ ಹೊತ್ತಿಗೆ ಮುಖ್ಯಭೂಮಿಯಿಂದ ಪೂರ್ತಿ ಮಾಯವಾಯಿತು. ಉಳಿದದ್ದು ಮಾರ್ಥಾಸ್ ವಿನ್‌ಯಾರ್ಡ್ ಎಂಬ ಒಂದೇ ದ್ವೀಪದಲ್ಲಿ.

ಜನ ಕೈಕಟ್ಟಿ ಕೂರಲಿಲ್ಲ ಎನ್ನುವುದನ್ನು ಒತ್ತಿ ಹೇಳಬೇಕು. 1908ರಲ್ಲಿ ಹಕ್ಕಿಗಾಗಿಯೇ ಅಲ್ಲೊಂದು ರಕ್ಷಿತ ಪ್ರದೇಶ ಮಾಡಿದರು. ಬೇಟೆ ನಿಂತಿತು. ನೂರಕ್ಕಿಂತ ಕಡಿಮೆಯಿದ್ದ ಹಕ್ಕಿ 1916ರ ಹೊತ್ತಿಗೆ ಎರಡು ಸಾವಿರದ ಹತ್ತಿರ ಬಂತು. ಈಗಿನ ಕಾಲದಲ್ಲಾದರೆ ಇಷ್ಟಕ್ಕೇ ಸಂರಕ್ಷಣೆಯ ಯಶೋಗಾಥೆ ಎಂದು ಬರೆದು, ಫೋಟೊ ಹಾಕಿ, ಮುಗಿಸಿಬಿಡುತ್ತಿದ್ದೆವು.

ಅದೇ ವರ್ಷದ ಮೇ ತಿಂಗಳಲ್ಲಿ ಬೆಂಕಿ ಬಿತ್ತು. ಜೋರು ಗಾಳಿ, ಮೊಟ್ಟೆಗೆ ಕಾವು ಕೊಡುವ ಕಾಲ. ಹೆಣ್ಣುಗಳು ಗೂಡು ಬಿಟ್ಟು ಏಳಲಿಲ್ಲ, ಕೂತಲ್ಲೇ ಸುಟ್ಟುಹೋದವು. ಉಳಿದವುಗಳಲ್ಲಿ ಗಂಡುಗಳೇ ಹೆಚ್ಚು. ಹಿಂದೆಯೇ ಕಠೋರ ಚಳಿಗಾಲ ಬಂತು. ಆ ಚಳಿಗಾಲದಲ್ಲಿ ಉತ್ತರದಿಂದ ಗಿಡುಗಗಳು ಎಂದಿಗಿಂತ ಹೆಚ್ಚಾಗಿ ಬಂದಿಳಿದವು. ಮುಂದೆ ಸಾಕುಕೋಳಿಗಳ ರೋಗವೂ ತಗುಲಿತು. ಸಂಬಂಧದೊಳಗೇ ಕೂಡಿ ಕೂಡಿ ಸಂತಾನಶಕ್ತಿ ಕುಂದಿತು. 1932ರ ಮಾರ್ಚ್‌ನಲ್ಲಿ ಕೊನೆಯ ಗಂಡುಹಕ್ಕಿ ಕೊನೆಯ ಸಲ ಕಂಡಿತು. ಅದಕ್ಕೂ ಮೊದಲು ಕೆಲವು ವಸಂತಗಳ ಕಾಲ ಅದು ಖಾಲಿ ಬಯಲಿಗೆ ಒಂಟಿಯಾಗಿ ಬರುತ್ತಿತ್ತು.

ಹಾಗಾದರೆ ಈ ಹಕ್ಕಿಯನ್ನು ಕೊಂದದ್ದು ಬೆಂಕಿಯೇ? ಇಲ್ಲೇ ನಾವು ಎಡವುವುದು. ಹೀತ್ ಹೆನ್‌ಗೆ ಬೇಕಾಗಿದ್ದ ಕುರುಚಲು ಬಯಲುಗಳು ಬಯಲಾಗಿ ಉಳಿದದ್ದೇ ಆಗಾಗ ಬೀಳುತ್ತಿದ್ದ ಬೆಂಕಿಯಿಂದ. ಬೆಂಕಿ ಇಲ್ಲದಿದ್ದರೆ ಅಲ್ಲಿ ಪೊದೆ ದಟ್ಟವಾಗಿ, ಮರವೆದ್ದು, ಹಕ್ಕಿ ನೆಲೆ ತಪ್ಪುತ್ತಿತ್ತು. ಸಾವಿರಾರು ವರ್ಷ ಬೆಂಕಿಯ ಜೊತೆಗೇ ಬಾಳಿದ ಹಕ್ಕಿ ಅದು. ಒಂದು ಬಯಲು ಸುಟ್ಟರೆ ಪಕ್ಕದ ಬಯಲಿನಲ್ಲಿ ಹಕ್ಕಿ ಇರುತ್ತಿತ್ತು. ಹೊಸ ಹುಲ್ಲು ಚಿಗುರಿದ ಮೇಲೆ ಅಲ್ಲಿಂದ ಇಲ್ಲಿಗೆ ಬರುತ್ತಿತ್ತು. 1916ರಲ್ಲಿ ಬದಲಾಗಿದ್ದದ್ದು ಬೆಂಕಿಯಲ್ಲ. ಪಕ್ಕದ ಬಯಲು ಇರಲಿಲ್ಲ, ಅಷ್ಟೇ.

ನಾವು ‘ಪ್ರಕೃತಿ ವಿಕೋಪ’ ಎನ್ನುತ್ತೇವೆ. ಆ ಮಾತಿನ ಒಳಗೇ ಪ್ರಕೃತಿ ಯಾರ ಮೇಲೋ ಮುನಿದಿದೆ ಎಂಬ ಊಹೆ ಅಡಗಿದೆ. ಪರಿಸರ ವಿಜ್ಞಾನಿಗಳು ಬಳಸುವ ಪದ ಇಷ್ಟು ಬಿಸಿಯಾದದ್ದಲ್ಲ. ಕನ್ನಡದಲ್ಲಿ ‘ಕದಡುವಿಕೆ’ ಎಂದರೆ ಸರಿಹೋದೀತು. ಬೆಂಕಿ, ಬಿರುಗಾಳಿ, ನೆರೆ, ಭೂಕುಸಿತ, ಬರ, ಕೀಟಗಳ ಹಾವಳಿ, ಲಾವಾ ಎಲ್ಲವೂ ಇದರಲ್ಲಿ ಬರುತ್ತವೆ. ಕದಡಿದ ನೀರು ಮತ್ತೆ ತಿಳಿಯಾಗುತ್ತದೆ, ಆದರೆ ಮೊದಲಿನ ನೀರೇ ಆಗಿರುವುದಿಲ್ಲ. ಕಾಡೂ ಹಾಗೆಯೇ.

1980ರ ಮೇ 18ರಂದು ಅಮೆರಿಕದ ಮೌಂಟ್ ಸೇಂಟ್ ಹೆಲೆನ್ಸ್ ಸಿಡಿದಾಗ ಸುಮಾರು 600 ಚದರ ಕಿಲೋಮೀಟರ್ ಕಾಡು ನಿಮಿಷಗಳಲ್ಲಿ ಮಕಾಡೆ ಮಲಗಿತು. ಎಲ್ಲವೂ ಹೊರಗಿನಿಂದಲೇ ಬಂದು ಹೊಸದಾಗಿ ನೆಲೆಯೂರಬೇಕು ಎಂದೇ ಅಲ್ಲಿಗೆ ಹೋದ ವಿಜ್ಞಾನಿಗಳು ಭಾವಿಸಿದ್ದರು. ಇಳಿದು ನೋಡಿದರೆ ಬೂದಿಯ ನಡುವೆ ಅಲ್ಲಲ್ಲಿ ಹೊಸ ಮಣ್ಣಿನ ಗುಡ್ಡೆಗಳು. ಬಿಲದಲ್ಲಿ ಮಲಗಿದ್ದ ಗೋಫರ್ ಎಂಬ ಇಲಿಜಾತಿಯ ಪ್ರಾಣಿಗಳು ಬದುಕಿದ್ದವು. ಬೂದಿಯನ್ನು ತೂತು ಮಾಡಿ, ಕೆಳಗಿನ ಹಳೆಯ ಮಣ್ಣನ್ನು, ಅದರೊಳಗಿನ ಬೀಜ ಮತ್ತು ಶಿಲೀಂಧ್ರಗಳ ಸಮೇತ, ಮೇಲಕ್ಕೆ ದೂಡುತ್ತಿದ್ದವು. ಎತ್ತರದ ಜಾಗಗಳಲ್ಲಿ ಇನ್ನೂ ಹಿಮವಿತ್ತು. ಹಿಮದಡಿಯ ಸಸಿಗಳು ಉಳಿದಿದ್ದವು. ಅದೇ ಸ್ಫೋಟ ಬೇಸಿಗೆ ಬಲಿತ ಮೇಲೆ ಆಗಿದ್ದರೆ ಹಿಮವಿರುತ್ತಿರಲಿಲ್ಲ, ಕಥೆಯೇ ಬೇರೆಯಾಗುತ್ತಿತ್ತು. ಬೀಸುವ ದೊಣ್ಣೆ ತಪ್ಪಿದರೆ ಸಾವಿರ ವರ್ಷ ಆಯುಸ್ಸು ಎನ್ನುತ್ತಾರಲ್ಲ, ಅದು ಇಲ್ಲಿ ಅಕ್ಷರಶಃ ನಿಜ. ಬರೀ ನೊರೆಗಲ್ಲಿನ ಹಾಸಿನ ಮೇಲೆ ಮೊದಲು ಬೇರೂರಿದ್ದು ಗಾಳಿಯಿಂದ ಸಾರಜನಕ ಹಿಡಿಯಬಲ್ಲ ಲ್ಯೂಪಿನ್ ಎಂಬ ಅವರೆ ಕುಟುಂಬದ ಗಿಡ. ಅದರ ಬುಡದಲ್ಲಿ ಇತರ ಬೀಜಗಳು ನಿಂತವು.

1988ರಲ್ಲಿ ಅಮೆರಿಕದ ಯೆಲ್ಲೊಸ್ಟೋನ್ ರಾಷ್ಟ್ರೀಯ ಉದ್ಯಾನದ ಶೇ. 36ರಷ್ಟು ಪ್ರದೇಶಕ್ಕೆ ಬೆಂಕಿ ತಗುಲಿತು. ಉದ್ಯಾನ ಸತ್ತೇಹೋಯಿತು ಎಂದು ಪತ್ರಿಕೆಗಳು ಬರೆದವು. ಆದರೆ ಅಲ್ಲಿನ ಲಾಡ್ಜ್‌ಪೋಲ್ ಪೈನ್ ಮರಗಳಲ್ಲಿ ಅನೇಕವು ತಮ್ಮ ಕಾಯಿಗಳನ್ನು ರಾಳದಿಂದ ಬೀಗ ಹಾಕಿ ವರ್ಷಗಟ್ಟಲೆ ಕಾಯುತ್ತಿರುತ್ತವೆ. ಆ ಬೀಗಕ್ಕೆ ಬೆಂಕಿಯೇ ಕೀಲಿಕೈ. ರಾಳ ಕರಗಿ ಬೀಜ ಉದುರಿತು, ಮರುವರ್ಷ ಕರಿ ನೆಲದ ಮೇಲೆ ಸಸಿಗಳೆದ್ದವು. ಸುಟ್ಟ ಮರದೊಳಗೆ ಜೀರುಂಡೆ ಮರಿಗಳು, ಅವನ್ನು ಕುಕ್ಕಿ ತಿನ್ನಲು ಮರಕುಟಿಗಗಳು. ಬೆಂಕಿ ಎಲ್ಲ ಕಡೆ ಸಮನಾಗಿ ಸುಡಲೂ ಇಲ್ಲ. ಒಂದು ಕಣಿವೆ ಬೂದಿಯಾದರೆ ಪಕ್ಕದ್ದು ಹಸಿರಾಗಿಯೇ ಇತ್ತು. ಹತ್ತಿರದಲ್ಲೇ ಹಳೆ ಕಾಡು, ಎಳೆ ಕಾಡು, ಹುಲ್ಲು ಎಲ್ಲ ಇದ್ದರೆ ಒಂದೊಂದಕ್ಕೂ ಒಂದೊಂದು ಜಾತಿಯ ಒಕ್ಕಲು. ಜೀವವೈವಿಧ್ಯ ಹುಟ್ಟುವುದು ಬಹಳ ಸಲ ಇಂಥ ಕದಡುವಿಕೆಯಿಂದಲೇ.

ಇಲ್ಲಿಯವರೆಗೆ ಹೇಳಿದ್ದನ್ನು ಕೇಳಿ ಯಾರಾದರೂ, ಹಾಗಾದರೆ ಚಿಂತೆ ಯಾಕೆ, ಸುಟ್ಟರೂ ಚಿಗುರುತ್ತದಲ್ಲ ಎಂದರೆ ನಾನು ಅವರನ್ನು ಬ್ರೆಜಿಲ್‌ಗೆ ಕರೆದುಕೊಂಡು ಹೋಗುತ್ತೇನೆ.

ಅದಕ್ಕೂ ಮುಂಚೆ ಒಂದು ಸಣ್ಣ ಲೆಕ್ಕ. ಹಲಗೆಯ ಮೇಲೆ ಒಂದು ಚೌಕ ಬರೆಯುತ್ತೇನೆ. ಪ್ರತಿ ಬದಿ ಒಂದು ಕಿಲೋಮೀಟರ್. ಅಂದರೆ 100 ಹೆಕ್ಟೇರ್ ಕಾಡು. ಸುತ್ತ ಬಯಲು. ಬಯಲಿನ ಬಿಸಿಲು, ಒಣಗಾಳಿ ಅಂಚಿನಿಂದ 100 ಮೀಟರ್ ಒಳಗಿನವರೆಗೆ ನುಗ್ಗುತ್ತದೆ ಎಂದು ಇಟ್ಟುಕೊಳ್ಳಿ. ಕಾಡಿನ ನಿಜವಾದ ಒಡಲು, ಅಂದರೆ ತಂಪೂ ನೆರಳೂ ಕೆಡದ ಭಾಗ, ಈಗ 800 ಮೀಟರ್‌ಗೆ 800 ಮೀಟರ್. 64 ಹೆಕ್ಟೇರ್. ಈ ಚೌಕದ ನಡುವೆ ಉದ್ದಕ್ಕೊಂದು, ಅಡ್ಡಕ್ಕೊಂದು ರಸ್ತೆ ಎಳೆಯೋಣ. ರಸ್ತೆಗೆ ಹೋದ ನೆಲವನ್ನು ಲೆಕ್ಕಕ್ಕೇ ಹಿಡಿಯುವುದು ಬೇಡ. ನಾಲ್ಕು ತುಂಡುಗಳಾದವು, ಒಂದೊಂದು 25 ಹೆಕ್ಟೇರ್. ಪ್ರತಿಯೊಂದರ ಒಡಲು 300 ಮೀಟರ್‌ಗೆ 300 ಮೀಟರ್, ಅಂದರೆ 9 ಹೆಕ್ಟೇರ್. ನಾಲ್ಕೂ ಸೇರಿ 36. ಕಡತದಲ್ಲಿ ಕಾಡು ಇನ್ನೂ 100 ಹೆಕ್ಟೇರೇ ಇದೆ, ಒಡಲು ಮಾತ್ರ 64ರಿಂದ 36ಕ್ಕೆ ಇಳಿಯಿತು. ಕಡಿಯುತ್ತ ಹೋಗಿ ಒಂದು ಹೆಕ್ಟೇರ್ ತುಂಡಿಗೆ ಬಂದರೆ ಒಡಲೇ ಇಲ್ಲ, ಇರುವುದೆಲ್ಲ ಅಂಚೇ. ಮರಗಳು ನಿಂತಿರುತ್ತವೆ, ಆದರೆ ಅದನ್ನು ಕಾಡು ಎನ್ನಲು ನನಗೆ ನಾಲಿಗೆ ಹೊರಳುವುದಿಲ್ಲ.

ಇದು ಕಾಗದದ ಲೆಕ್ಕ. ನೆಲದ ಮೇಲೆ ಏನಾಗುತ್ತದೆ ಎಂದು ನೋಡಲು ಥಾಮಸ್ ಲವ್‌ಜಾಯ್ ಎಂಬ ವಿಜ್ಞಾನಿ 1979ರಲ್ಲಿ ಅಮೆಜಾನ್ ಕಾಡಿನ ಮನಾವುಸ್ ನಗರದ ಉತ್ತರಕ್ಕೆ ಒಂದು ಪ್ರಯೋಗ ಶುರು ಮಾಡಿದರು. ಅಲ್ಲಿ ದನ ಮೇಯಿಸುವವರು ಹುಲ್ಲುಗಾವಲಿಗಾಗಿ ಕಾಡು ಕಡಿಯುವವರಿದ್ದರು. ಭೂಮಿಯ ಅರ್ಧದಷ್ಟನ್ನು ಕಾಡಾಗಿಯೇ ಬಿಡಬೇಕೆಂಬ ಕಾನೂನೂ ಇತ್ತು. ಹೇಗೂ ಬಿಡುವ ಕಾಡನ್ನು ಅಳತೆ ಮಾಡಿ ಬಿಡಿ ಎಂದು ಲವ್‌ಜಾಯ್ ಕೇಳಿಕೊಂಡರು: ಇಷ್ಟು ಒಂದು ಹೆಕ್ಟೇರಿನವು, ಇಷ್ಟು ಹತ್ತರವು, ಇಷ್ಟು ನೂರರವು. ಕಡಿಯುವ ಮೊದಲೇ ಅಲ್ಲಿ ಏನೇನಿದೆ ಎಂದು ಎಣಿಸಿಟ್ಟರು. ಆಮೇಲೆ ದಶಕಗಳ ಕಾಲ ನೋಡುತ್ತ ಕೂತರು. ಪರಿಸರ ವಿಜ್ಞಾನದಲ್ಲಿ ಇಷ್ಟು ತಾಳ್ಮೆಯ ಕೆಲಸ ಅಪರೂಪ.

ಸುತ್ತಲ ಮರಗಳು ಉರುಳಿದ ಕೂಡಲೇ ತುಂಡುಗಳಲ್ಲಿ ಹಕ್ಕಿಗಳು ಹೆಚ್ಚಾದವು. ಹೌದು, ಹೆಚ್ಚಾದವು. ನೆಲೆ ಕಳೆದುಕೊಂಡವೆಲ್ಲ ಓಡಿ ಬಂದು ಉಳಿದ ಕಾಡಿನೊಳಗೆ ತುಂಬಿಕೊಂಡಿದ್ದವು. ಆ ವಾರ ಎಣಿಸಿ ವರದಿ ಬರೆದವರು ಪರಿಸ್ಥಿತಿ ಚೆನ್ನಾಗಿದೆ ಎಂದೇ ಬರೆಯುತ್ತಿದ್ದರು. ಆಮೇಲೆ ಇಳಿಕೆ ಶುರುವಾಯಿತು. ನೂರು ಹೆಕ್ಟೇರಿನ ತುಂಡು ಕೂಡ ಮರಗಳಡಿಯ ಹಕ್ಕಿಜಾತಿಗಳಲ್ಲಿ ಅರ್ಧವನ್ನು ಹದಿನೈದು ವರ್ಷದೊಳಗೆ ಕಳೆದುಕೊಳ್ಳುತ್ತದೆ ಎಂದು ಲೆಕ್ಕ ಸಿಕ್ಕಿತು. ದಂಡೆತ್ತಿ ಹೋಗುವ ಇರುವೆಗಳ ಹಿಂದೆ ಹಿಂದೆಯೇ ಹೋಗಿ, ಅವು ಎಬ್ಬಿಸಿದ ಹುಳುಗಳನ್ನು ಹಿಡಿಯುವ ಹಕ್ಕಿಗಳು ಮೊದಲು ಕಾಣೆಯಾದವು. ಆ ಇರುವೆದಂಡಿಗೆ ವಿಶಾಲ ನೆಲ ಬೇಕು, ಹಕ್ಕಿಗೆ ಅಂಥ ಹಲವು ದಂಡುಗಳು ಬೇಕು. ಎಂಬತ್ತು ಮೀಟರ್ ಬಯಲು ಎದುರಾದರೆ ಈ ನೆರಳುಜೀವಿಗಳಲ್ಲಿ ಅನೇಕವು ದಾಟುವುದೇ ಇಲ್ಲ. ರೆಕ್ಕೆಯಿದೆಯಲ್ಲ ಎಂದು ನಾವು ಕೇಳಬಹುದು. ರೆಕ್ಕೆಯಿದೆ, ಬಿಸಿಲಿಗೆ ಹೋಗುವ ಧೈರ್ಯವಿಲ್ಲ.

ನನಗೆ ಬಹಳ ಹಿಡಿಸಿದ್ದು ಕಪ್ಪೆಗಳ ವಿಷಯ. ಆ ಕಾಡಿನಲ್ಲಿ ಪೆಕ್ಕರಿ ಎಂಬ ಹಂದಿಯಂಥ ಪ್ರಾಣಿಯಿದೆ. ಹಿಂಡು ಹಿಂಡಾಗಿ ಕೆಸರಿನಲ್ಲಿ ಹೊರಳಾಡುತ್ತದೆ. ಹೊರಳಿ ಹೊರಳಿ ನೆಲದಲ್ಲಿ ತಗ್ಗಾಗುತ್ತದೆ, ಮೈಭಾರಕ್ಕೆ ಜೇಡಿ ಗಟ್ಟಿಯಾಗುತ್ತದೆ, ಮಳೆನೀರು ಇಂಗದೆ ನಿಲ್ಲುತ್ತದೆ. ಕೆಲವು ಜಾತಿಯ ಎಲೆಗಪ್ಪೆಗಳು ಮರಿ ಮಾಡುವುದು ಇಂಥ ಹೊಂಡಗಳಲ್ಲೇ. ಕಾಡು ತುಂಡಾದಾಗ ಪೆಕ್ಕರಿ ಹಿಂಡು ಜಾಗ ಸಾಲದೆ ಹೊರಟುಹೋಯಿತು. ಹೊರಳಾಡುವವರಿಲ್ಲದೆ ಹೊಂಡಗಳು ಒಣಗಿ ಮುಚ್ಚಿದವು. ಕಪ್ಪೆಗಳೂ ಹೋದವು. ಕಪ್ಪೆಗೆ ಬೇಕಾದ ನೆಲ ಎಷ್ಟು ಮಹಾ? ಅಂಗೈಯಗಲ. ಅದಕ್ಕೆ ಹತ್ತು ಹೆಕ್ಟೇರ್ ಕಾಡು ಧಾರಾಳ ಸಾಕು ಎಂದು ಯಾರಾದರೂ ಲೆಕ್ಕ ಹಾಕಿಯಾರು. ಕಪ್ಪೆಯ ಅಗತ್ಯ ಹಂದಿಯ ಕಾಲಿನಲ್ಲಿತ್ತು ಎನ್ನುವುದು ಯಾವ ಲೆಕ್ಕದ ಪುಸ್ತಕದಲ್ಲೂ ಇರಲಿಲ್ಲ.

ಇನ್ನು ಮರಗಳು. ಅಂಚಿನಿಂದ 300 ಮೀಟರ್ ಒಳಗಿರುವ ದೊಡ್ಡ ಮರಗಳು ಕಾಡಿನ ಒಡಲಿನಲ್ಲಿರುವ ಮರಗಳಿಗಿಂತ ಸುಮಾರು ಮೂರು ಪಟ್ಟು ವೇಗವಾಗಿ ಸಾಯುತ್ತವೆ ಎಂದು ಮನಾವುಸ್‌ನಲ್ಲಿ ಗೊತ್ತಾಯಿತು. ಒತ್ತಾಗಿ ಬೆಳೆದ ಮರಗಳು ಒಂದಕ್ಕೊಂದು ಗಾಳಿಯ ಮರೆ. ಮೊದಲ ಸಾಲು ಹೋದರೆ ಎರಡನೆಯ ಸಾಲಿಗೆ ಎಂದೂ ತಿನ್ನದ ಪೆಟ್ಟು. ಒಂದು ದೊಡ್ಡ ಮರ ಬಿದ್ದರೆ ಹತ್ತು ಸಣ್ಣವು ಅದರಡಿ ಮುರಿಯುತ್ತವೆ. ಆ ಕಿಂಡಿಯಿಂದ ಬಿಸಿಲು ಇಳಿಯುತ್ತದೆ, ಬಳ್ಳಿಗಳು ಏರುತ್ತವೆ, ಉದುರಿದ ತರಗೆಲೆ ಒಣಗಿ ಗರಿಗರಿಯಾಗುತ್ತದೆ. ಮಳೆಕಾಡು ತನ್ನ ಪಾಡಿಗಿದ್ದಾಗ ಹತ್ತಿ ಉರಿಯುವುದು ಕಡಿಮೆ, ಒಳಗೆ ಅಷ್ಟು ತೇವ. ಈಗ ಪಕ್ಕದ ಹುಲ್ಲುಗಾವಲಿಗೆ ಹಚ್ಚಿದ ಬೆಂಕಿ ಅಂಚನ್ನು ಹಿಡಿದು ಒಳಗೆ ಕಾಲಿಡುತ್ತದೆ. ಒಮ್ಮೆ ಸುಟ್ಟ ಜಾಗ ಮುಂದಿನ ಸಲಕ್ಕೆ ಇನ್ನೂ ಒಣಗಿರುತ್ತದೆ, ಮತ್ತೆ ಸುಡುತ್ತದೆ.

ಆದ್ದರಿಂದ ಕಾಡು ತುಂಡಾಗುವುದು ಒಂದು ಕಷ್ಟ, ಬೆಂಕಿ-ಬಿರುಗಾಳಿ ಇನ್ನೊಂದು ಕಷ್ಟ ಎಂದು ಎರಡು ಪಟ್ಟಿ ಮಾಡುವುದನ್ನು ನಾನು ಒಪ್ಪುವುದಿಲ್ಲ. ತುಂಡಾದ ಕಾಡು ತನ್ನ ಬೆಂಕಿಯನ್ನು ತಾನೇ ಕರೆಯುತ್ತದೆ, ಬಂದ ಮೇಲೆ ತಾಳಿಕೊಳ್ಳುವ ಶಕ್ತಿಯನ್ನೂ ಕಳೆದುಕೊಂಡಿರುತ್ತದೆ.

ಅಳಿಯುವುದಷ್ಟೇ ಅಲ್ಲ, ಕೆಲವು ಜೀವಿಗಳು ಅತಿಯಾಗುವುದೂ ಉಂಟು. ವೆನೆಜುವೆಲಾದ ಗುರಿ ಜಲಾಶಯ 1986ರಲ್ಲಿ ತುಂಬಿದಾಗ ಗುಡ್ಡದ ನೆತ್ತಿಗಳೆಲ್ಲ ದ್ವೀಪಗಳಾದವು. ಸಣ್ಣ ದ್ವೀಪಗಳಲ್ಲಿ ಜಾಗ್ವಾರ್ ಇಲ್ಲ, ಪ್ಯೂಮಾ ಇಲ್ಲ, ಹದ್ದಿಲ್ಲ. ಹಿಡಿದು ತಿನ್ನುವವರಿಲ್ಲದೆ ಎಲೆ ಕತ್ತರಿಸುವ ಇರುವೆ, ಇಗುವಾನ, ಹೌಲರ್ ಕೋತಿಗಳು ಹತ್ತರಿಂದ ನೂರು ಪಟ್ಟು ದಟ್ಟವಾದವು. ಎಳೆ ಸಸಿ ತಲೆಯೆತ್ತುವುದೇ ಅಪರೂಪವಾಯಿತು. ಜಾನ್ ಟರ್ಬೋರ್ ಮತ್ತು ಅವರ ಸಂಗಡಿಗರು ಇದನ್ನು 2001ರಲ್ಲಿ ಪ್ರಕಟಿಸಿದರು. ನ್ಯೂಯಾರ್ಕ್ ರಾಜ್ಯದಲ್ಲಿ ಎರಡು ಹೆಕ್ಟೇರಿಗಿಂತ ಸಣ್ಣ ಕಾಡುತುಂಡುಗಳಲ್ಲಿ ಬಿಳಿಪಾದದ ಇಲಿಗಳು ಹೆಚ್ಚಿ, ಅವುಗಳ ರಕ್ತ ಕುಡಿದ ಉಣ್ಣಿಗಳಲ್ಲಿ, ಮನುಷ್ಯರಿಗೂ ತಗಲುವ ಲೈಮ್ ರೋಗದ ಸೋಂಕು ಹೆಚ್ಚಿದ್ದು ಇದೇ ಜಾಡಿನ ಇನ್ನೊಂದು ಸಂಗತಿ. ತುಂಡು ಕಾಡಿನ ಕಥೆ ಕಾಡಿನಲ್ಲೇ ಮುಗಿಯುವುದಿಲ್ಲ.

ಈಗ ಒಂದು ತಕರಾರನ್ನು ನಾನೇ ಎತ್ತುತ್ತೇನೆ. ತುಂಡುಗಳೆಲ್ಲ ಕೆಟ್ಟವೇ? ಈ ಬಗ್ಗೆ ಪರಿಸರ ವಿಜ್ಞಾನಿಗಳಲ್ಲೇ ದಶಕಗಳಿಂದ ಜಗಳವಿದೆ. ಕೆನಡಾದ ಲೆನೋರ್ ಫಾರಿಗ್ ವಾದಿಸುವುದೇನೆಂದರೆ, ಹಾನಿ ಮಾಡುವುದು ಮುಖ್ಯವಾಗಿ ಆವಾಸದ ಒಟ್ಟು ವಿಸ್ತೀರ್ಣ ಕುಗ್ಗುವುದು. ಅಷ್ಟೇ ವಿಸ್ತೀರ್ಣ ಹಲವು ತುಂಡುಗಳಲ್ಲಿ ಹರಡಿಕೊಂಡಿದ್ದರೆ ಅದು ಅಷ್ಟೇನೂ ಕೆಟ್ಟದ್ದಲ್ಲ, ಕೆಲವೊಮ್ಮೆ ಒಳ್ಳೆಯದೇ. ನಿಕ್ ಹಡ್ಡಾಡ್ ಮತ್ತಿತರರು 2015ರಲ್ಲಿ ದೀರ್ಘಕಾಲದ ಪ್ರಯೋಗಗಳನ್ನು ಒಟ್ಟುಹಾಕಿ, ತುಂಡಾಗುವುದರಿಂದ ಜೀವವೈವಿಧ್ಯ ಶೇ. 13ರಿಂದ 75ರವರೆಗೆ ಕುಗ್ಗುತ್ತದೆ ಎಂದರು. ಜಗತ್ತಿನಲ್ಲಿ ಉಳಿದಿರುವ ಕಾಡಿನ ಶೇ. 70ರಷ್ಟು ಯಾವುದಾದರೊಂದು ಅಂಚಿನಿಂದ ಒಂದು ಕಿಲೋಮೀಟರ್ ಒಳಗೇ ಇದೆ ಎಂಬುದೂ ಅವರ ಲೆಕ್ಕವೇ. ಈ ಜಗಳದಲ್ಲಿ ನಾನು ಯಾವ ಕಡೆ ಎಂದರೆ, ತುಂಡುಗಳ ನಡುವೆ ಏನಿದೆ ಎಂದು ಮೊದಲು ತೋರಿಸಿ ಎನ್ನುವ ಕಡೆ.

ಫಿನ್‌ಲೆಂಡಿನ ಓಲಂಡ್ ದ್ವೀಪಗಳಲ್ಲಿ ಗ್ಲ್ಯಾನ್‌ವಿಲ್ ಫ್ರಿಟಿಲರಿ ಎಂಬ ಕಿತ್ತಳೆ ಬಣ್ಣದ ಚಿಟ್ಟೆಯಿದೆ. ಇಲ್ಕಾ ಹನ್ಸ್ಕಿ ಎಂಬ ವಿಜ್ಞಾನಿ ಅದನ್ನು ದಶಕಗಳ ಕಾಲ ಬೆನ್ನಟ್ಟಿದರು. ಅಲ್ಲಿ ಸುಮಾರು ನಾಲ್ಕು ಸಾವಿರ ಸಣ್ಣ ಸಣ್ಣ ಹುಲ್ಲುಬಯಲುಗಳಿವೆ. ಯಾವುದೇ ವರ್ಷ ಚಿಟ್ಟೆ ಇರುವುದು ಅವುಗಳಲ್ಲಿ ಕೆಲವು ನೂರರಲ್ಲಿ ಮಾತ್ರ. ಪ್ರತಿ ವರ್ಷ ಹಲವು ಬಯಲುಗಳಲ್ಲಿ ಅದು ನಿರ್ವಂಶವಾಗುತ್ತದೆ, ಖಾಲಿ ಬಿದ್ದಿದ್ದ ಹಲವು ಬಯಲುಗಳಿಗೆ ಹೊಸದಾಗಿ ಬರುತ್ತದೆ. ಒಂದೊಂದು ಬಯಲನ್ನು ನೋಡಿದರೆ ದುರಂತ. ಎಲ್ಲವನ್ನೂ ಒಟ್ಟಿಗೆ ನೋಡಿದರೆ ಸಂಸಾರ ನಡೆಯುತ್ತಿದೆ. ಬಯಲಿಂದ ಬಯಲಿಗೆ ಚಿಟ್ಟೆ ಹಾರಬಲ್ಲಷ್ಟು ದೂರವಿದ್ದರೆ ಸಾಕು. ಖಾಲಿಯಿದೆ ಎಂದು ಒಂದಷ್ಟು ಬಯಲುಗಳನ್ನು ಮುಚ್ಚಿದರೆ, ಚಿಟ್ಟೆಯಿರುವ ಬಯಲುಗಳನ್ನು ಮುಟ್ಟದೆಯೂ ಚಿಟ್ಟೆಯನ್ನು ಕಳೆಯಬಹುದು. ಖಾಲಿ ಮನೆಯೂ ಮನೆಯೇ.

ಆದರೆ ಈ ಏರ್ಪಾಡಿಗೆ ಒಂದು ಷರತ್ತಿದೆ: ಕಷ್ಟ ಎಲ್ಲ ಬಯಲುಗಳಿಗೂ ಒಟ್ಟಿಗೇ ಬರಬಾರದು. 2018ರ ಬೇಸಿಗೆಯಲ್ಲಿ ಓಲಂಡ್‌ಗೆ ಭಾರೀ ಬರ ಬಂದಾಗ ಎಲ್ಲ ಬಯಲುಗಳಲ್ಲೂ ಮರಿಹುಳಗಳ ಮೇವಿನ ಗಿಡ ಒಟ್ಟಿಗೇ ಒಣಗಿತು, ಚಿಟ್ಟೆ ಎಲ್ಲ ಕಡೆಯೂ ಒಂದೇ ಸಲಕ್ಕೆ ಕುಸಿಯಿತು. ಹವಾಮಾನ ಬದಲಾವಣೆಯಲ್ಲಿ ನನಗೆ ಅಂಜಿಕೆ ಹುಟ್ಟಿಸುವುದು ಇದೇ. ಬೆಂಕಿ, ಬರಗಳು ಹೆಚ್ಚಾಗುತ್ತವೆ ಎನ್ನುವುದು ಸರಿ. ಅವು ಅಗಲವಾಗುತ್ತವೆ ಎನ್ನುವುದು ಅದಕ್ಕಿಂತ ಗಂಭೀರ.

ಇನ್ನೊಂದು ಮೋಸವಿದೆ. ತುಂಡು ಕಾಡಿನಲ್ಲಿ ಇಂದು ಕಾಣುವ ಎಲ್ಲ ಜೀವಿಗಳೂ ಅಲ್ಲಿ ಬಾಳುತ್ತಿವೆ ಎಂದಲ್ಲ. ನೂರಾರು ವರ್ಷ ಬದುಕುವ ಮರ ಹುಲ್ಲುಗಾವಲಿನ ನಡುವೆ ಒಂಟಿಯಾಗಿ ನಿಂತಿರುತ್ತದೆ. ಹೂಬಿಡುತ್ತದೆ, ಕಾಯಾಗುವುದಿಲ್ಲ, ಕಾಯಾದರೂ ಸಸಿಯಾಗುವುದಿಲ್ಲ. ಡೇನಿಯಲ್ ಜಾನ್ಜೆನ್ ಎಂಬ ಪರಿಸರ ವಿಜ್ಞಾನಿ ಇಂಥ ಮರಗಳನ್ನು ಬದುಕಿರುವ ಹೆಣಗಳು ಎಂದರು. ಸ್ವಲ್ಪ ಕಠೋರ ಮಾತು, ಎಲ್ಲ ಮರಗಳಿಗೂ ಅನ್ವಯಿಸುವುದಿಲ್ಲ. ಅಮೆಜಾನ್‌ನ ಕೆಲವು ಒಂಟಿ ಮರಗಳಿಗೆ ಜೇನುನೊಣಗಳು ದೂರದಿಂದ ಪರಾಗ ತಂದುಕೊಟ್ಟದ್ದೂ ದಾಖಲಾಗಿದೆ. ಆದರೂ ವಿಜ್ಞಾನಿಗಳು ಇದಕ್ಕೆ ‘ಅಳಿವಿನ ಸಾಲ’ ಎಂಬ ಹೆಸರಿಟ್ಟದ್ದು ಸರಿಯಾಗಿಯೇ ಇದೆ. ಕಡಿದದ್ದು ಅಜ್ಜ, ವಸೂಲಿಗೆ ಬರುವುದು ಮೊಮ್ಮಗನ ಕಾಲಕ್ಕೆ. ಅಷ್ಟರಲ್ಲಿ ಒಂದು ಬಿರುಗಾಳಿ ಬಂದು ಬೀಳಲಿದ್ದದ್ದನ್ನು ಬೀಳಿಸಿದರೆ, ತಪ್ಪೆಲ್ಲ ಬಿರುಗಾಳಿಯ ತಲೆಗೆ.

ಬಿರುಗಾಳಿ ಎಂದಾಗ ಪೋರ್ಟೊರಿಕೊದ ಗಿಳಿಯನ್ನು ಹೇಳಲೇಬೇಕು. ಒಂದು ಕಾಲಕ್ಕೆ ದ್ವೀಪದ ತುಂಬ ಇದ್ದ ಹಸಿರು ಗಿಳಿ, ಕಾಡು ಕಡಿದಂತೆ ಪೂರ್ವ ತುದಿಯ ಒಂದೇ ಬೆಟ್ಟಗಾಡಿಗೆ ಬಂದು ನಿಂತಿತು. 1975ರಲ್ಲಿ ಕಾಡಿನಲ್ಲಿದ್ದದ್ದು 13 ಹಕ್ಕಿ. ಕಷ್ಟಪಟ್ಟು ಸಂಖ್ಯೆ ಏರಿಸಿದರು. 1989ರಲ್ಲಿ ಹ್ಯೂಗೊ ಚಂಡಮಾರುತ ಬಂದು ಸುಮಾರು ಅರ್ಧವನ್ನು ಹೊತ್ತೊಯ್ದಿತು. ಕೆರಿಬಿಯನ್ ದ್ವೀಪಗಳಿಗೆ ಚಂಡಮಾರುತ ಹೊಸದಲ್ಲ, ಆ ಗಿಳಿಯ ಪೂರ್ವಜರು ಕಂಡ ಚಂಡಮಾರುತಗಳಿಗೆ ಲೆಕ್ಕವಿಲ್ಲ. ಆಗ ದ್ವೀಪದ ಒಂದು ಮೂಲೆ ಬೋಳಾದರೆ ಇನ್ನೊಂದು ಮೂಲೆಗೆ ಹಾರುತ್ತಿದ್ದವು. ಈ ಸಲ ಪಾಲಕರು ಹೀತ್ ಹೆನ್‌ನ ಪಾಠ ಮರೆಯಲಿಲ್ಲ. ಸಾಕಿ ಬೆಳೆಸಿದ ಹಕ್ಕಿಗಳನ್ನು 2006ರಿಂದ ಪಶ್ಚಿಮ ಭಾಗದ ರಿಯೊ ಅಬಾಹೊ ಕಾಡಿನಲ್ಲಿ ಬಿಟ್ಟು ಎರಡನೆಯ ನೆಲೆ ಮಾಡಿದರು. 2017ರಲ್ಲಿ ಮರಿಯಾ ಚಂಡಮಾರುತ ಬಂದಾಗ ಪೂರ್ವದ ಬೆಟ್ಟದ ಕಾಡುಗಿಳಿಗಳು ಹೆಚ್ಚುಕಡಿಮೆ ಅಳಿದೇಹೋದವು. ಪಶ್ಚಿಮದ ನೆಲೆಯಲ್ಲಿ ಹೆಚ್ಚಿನವು ಉಳಿದವು.

ಸ್ಟ್ಯೂವರ್ಡ್ ಪಿಕೆಟ್ ಮತ್ತು ಜಾನ್ ಥಾಂಪ್ಸನ್ ಎಂಬ ಪರಿಸರ ವಿಜ್ಞಾನಿಗಳು 1978ರಲ್ಲೇ ಒಂದು ಮಾತು ಹೇಳಿದ್ದರು: ರಕ್ಷಿತ ಪ್ರದೇಶದ ಗಾತ್ರ ನಿರ್ಧರಿಸುವಾಗ ಎಷ್ಟು ಪ್ರಾಣಿ ಹಿಡಿಸುತ್ತವೆ ಎಂದು ನೋಡಿದರೆ ಸಾಲದು, ಅಲ್ಲಿ ಬೀಳಬಹುದಾದ ಅತಿ ದೊಡ್ಡ ಬೆಂಕಿ ಅಥವಾ ಬಿರುಗಾಳಿಗಿಂತ ಅದು ದೊಡ್ಡದಿರಬೇಕು, ಒಂದು ಭಾಗ ಸುಟ್ಟರೆ ಒಳಗಿಂದಲೇ ಮತ್ತೆ ತುಂಬಿಕೊಳ್ಳುವಂತಿರಬೇಕು. ಅಷ್ಟು ದೊಡ್ಡ ನೆಲ ಎಲ್ಲ ಕಡೆ ಸಿಗುವುದಿಲ್ಲ. ಸಿಗದಿದ್ದಾಗ ಉಳಿಯುವುದು ತುಂಡುಗಳನ್ನು ಹೊಲಿಯುವ ಕೆಲಸ. ಮನಾವುಸ್‌ನಲ್ಲೇ ಹುಲ್ಲುಗಾವಲುಗಳನ್ನು ಕೈಬಿಟ್ಟ ಕಡೆ ಸೆಕ್ರೋಪಿಯಾ ಎಂಬ ಎಳೆ ಮರಗಳು ಎದ್ದು, ಅವುಗಳ ನೆರಳು ಹಿಡಿದು ಇರುವೆ ಹಿಂಬಾಲಿಸುವ ಹಕ್ಕಿಗಳಲ್ಲಿ ಕೆಲವು ತುಂಡುಗಳಿಗೆ ವಾಪಸು ಬಂದವು. ಅದನ್ನು ಯಾರೂ ನೆಟ್ಟಿರಲಿಲ್ಲ, ಯಾರೂ ಉದ್ಘಾಟಿಸಿರಲಿಲ್ಲ.

ಫ್ಲಾರಿಡಾದಲ್ಲಿ ಹೊಲಿಗೆ ಹಾಕಿದ್ದು ಲಾರಿಯಲ್ಲಿ ಎನ್ನಬಹುದು. ಅಲ್ಲಿನ ಪ್ಯಾಂಥರ್‌ಗಳು, ಅಂದರೆ ಅಲ್ಲಿನ ಪ್ಯೂಮಾಗಳು, ಒಂಟಿಯಾಗಿ ಇಪ್ಪತ್ತು-ಮೂವತ್ತಕ್ಕೆ ಇಳಿದು, ಬಾಲ ಸೊಟ್ಟಗಾಗಿ, ಹೃದಯದಲ್ಲಿ ರಂಧ್ರಗಳೊಂದಿಗೆ ಹುಟ್ಟುತ್ತಿದ್ದವು. 1995ರಲ್ಲಿ ಟೆಕ್ಸಾಸ್‌ನಿಂದ ಎಂಟು ಹೆಣ್ಣು ಪ್ಯೂಮಾಗಳನ್ನು ತಂದು ಬಿಟ್ಟರು. ಸಂಖ್ಯೆ ಚೇತರಿಸಿತು. ಮೊದಲಾದರೆ ತಾವೇ ನಡೆದು ಬರುತ್ತಿದ್ದ ನೆಂಟರು ಅವರು.

ಕೆನಡಾದ ಬಾನ್ಫ್ ಉದ್ಯಾನವನ್ನು ಸೀಳಿಕೊಂಡು ಹೋಗುವ ಹೆದ್ದಾರಿಯ ಇಕ್ಕೆಲಕ್ಕೂ ಬೇಲಿ ಹಾಕಿ, ಅದರ ಮೇಲೆ 6 ಹಸಿರು ಸೇತುವೆ, ಕೆಳಗೆ 38 ಸುರಂಗದಾರಿಗಳನ್ನು ಕಟ್ಟಿದ್ದಾರೆ. ವಾಹನಕ್ಕೆ ಸಿಕ್ಕು ಪ್ರಾಣಿಗಳು ಸಾಯುವುದು ಶೇ. 80ಕ್ಕಿಂತ ಹೆಚ್ಚು ತಗ್ಗಿದೆ. ಜಿಂಕೆಗಳು ಬೇಗನೇ ದಾಟತೊಡಗಿದವು. ಗ್ರಿಜ್ಲಿ ಕರಡಿಗಳಿಗೆ ನಂಬಿಕೆ ಬರಲು ವರ್ಷಗಳೇ ಹಿಡಿದವು. ಅಲ್ಲಿನ ಸಂಶೋಧಕರು ದಾರಿಯ ಉದ್ದಗಲಕ್ಕೆ ಮರಳು ಹರಡಿ ಕುಂಟೆಯಿಂದ ನುಣುಪು ಮಾಡಿ ಬರುತ್ತಿದ್ದರು. ಮತ್ತೆ ಬಂದು ನೋಡುವಾಗ ಅದರ ಮೇಲೆ ಮೂಡಿದ್ದು ಎಲ್ಕ್‌ನ ಗೊರಸಿನ ಗುರುತು, ತೋಳದ ಪಂಜದ ಗುರುತು. ಎಣಿಸಿ, ಬರೆದುಕೊಂಡು, ಮರಳನ್ನು ಮತ್ತೆ ನುಣುಪು ಮಾಡಿ ಹೋಗುತ್ತಿದ್ದರು. ಒಂದು ಬೆಳಗ್ಗೆ ಅಲ್ಲಿ ಉದ್ದುಗುರಿನ, ಅಗಲವಾದ ಹೆಜ್ಜೆಗಳಿದ್ದವು.